ಮಾಸ್ಕ್ ಇರುವ ಎಇಎಸ್, ಪವರ್ ಟ್ರೇಸ್, ಸಿಎನ್‌ಎನ್: ಅಕ್ಯುರಸಿ 27.3% ಬಿಟ್ಟು ಕದಲುತ್ತಿಲ್ಲ

ಹಿಂಜವಡಿ_ಫರ್ಮ್‌ವೇರ್ (ಪುಣೆ)

ಪವರ್ ಟ್ರೇಸ್‌ನಿಂದ (ಚಿಪ್ ಕ್ಷಣಕ್ಷಣಕ್ಕೆ ಎಳೆಯುವ ವಿದ್ಯುತ್ತಿನ ದಾಖಲೆ) ಎಇಎಸ್ ಎಂಬ ಗೂಢಲಿಪಿಯ ರಹಸ್ಯ ಕೀ ಸೋರುತ್ತದೆಯೇ ಎಂದು ನೋಡಲು ಸಿಎನ್‌ಎನ್ ಎಂಬ ಬಗೆಯ ನ್ಯೂರಲ್ ನೆಟ್‌ವರ್ಕ್ ಬಳಸುತ್ತಿದ್ದೇವೆ. ಬೋರ್ಡೂ ನಮ್ಮದೇ, ಫರ್ಮ್‌ವೇರೂ ನಮ್ಮದೇ. ಹೊರಗಿನ ಲ್ಯಾಬಿನ ಪರೀಕ್ಷೆಗೆ ಕೊಡುವ ಮೊದಲು ಒಳಗೇ ಒಮ್ಮೆ ನೋಡಿಕೊಳ್ಳುವ ಉದ್ದೇಶ. ಬಲ್ಲವರು ದಾರಿ ತೋರಿಸಿ.

ಕಾರ್ಟೆಕ್ಸ್-ಎಂ4 ಚಿಪ್, ಒಳಗಿನ 16 ಮೆಗಾಹರ್ಟ್ಸ್ ಆರ್‌ಸಿ ಕ್ಲಾಕ್, ಸಿ ಭಾಷೆಯಲ್ಲಿ ಬರೆದ ಎಇಎಸ್-128. ಫಸ್ಟ್ ಆರ್ಡರ್ ಮಾಸ್ಕಿಂಗ್ ಇದೆ, ಅಂದರೆ ಒಳಗಿನ ಬೆಲೆಗಳಿಗೆ ಒಂದು ರ‍್ಯಾಂಡಮ್ ಬೆಲೆ (ಮಾಸ್ಕ್) ಬೆರೆಸಿ ಮರೆಮಾಡುತ್ತೇವೆ. ಪ್ರತಿ ಎನ್‌ಕ್ರಿಪ್ಷನ್‌ಗೂ ಒಂದು ಇನ್‌ಪುಟ್ ಮಾಸ್ಕ್, ಒಂದು ಔಟ್‌ಪುಟ್ ಮಾಸ್ಕ್ ಹೊಸದಾಗಿ ತೆಗೆದು 256 ಬೈಟಿನ ಎಸ್-ಬಾಕ್ಸ್ ಟೇಬಲನ್ನು (ಒಂದು ಬೈಟಿನ ಬದಲು ಇನ್ನೊಂದನ್ನು ಕೊಡುವ ಕೋಷ್ಟಕ) ಮತ್ತೆ ಕಟ್ಟುತ್ತೇವೆ. 16 ಬೈಟ್‌ಗಳಿಗೂ ಅದೇ ಟೇಬಲ್.

ಡೇಟಾ ಸೆಟ್ ಎರಡಿವೆ. ಮೊದಲನೆಯದು ನಮ್ಮ ಬೋರ್ಡಿನದು: ಆಸಿಲೋಸ್ಕೋಪ್, ಸೆಕೆಂಡಿಗೆ 25 ಕೋಟಿ ಸ್ಯಾಂಪಲ್, ಎಇಎಸ್ ಫಂಕ್ಷನ್ ಶುರುವಾದ ಕೂಡಲೇ ಟ್ರಿಗರ್, ಅಲ್ಲಿಂದ 5,000 ಸ್ಯಾಂಪಲ್. 40,000 ಟ್ರೇಸ್, ಪ್ರತಿಯೊಂದಕ್ಕೂ ಬೇರೆ ಕೀ. ಲೇಬಲ್ (ನೆಟ್‌ವರ್ಕ್ ಊಹಿಸಬೇಕಾದ ಉತ್ತರ) ಮೊದಲ ಸುತ್ತಿನ ಎಸ್-ಬಾಕ್ಸ್ ಔಟ್‌ಪುಟ್‌ನ ಹ್ಯಾಮಿಂಗ್ ವೇಟ್ (ಬೈಟಿನಲ್ಲಿರುವ 1ಗಳ ಎಣಿಕೆ), 9 ವರ್ಗ. ಮೂರನೇ ಇಪಾಕ್‌ನಿಂದ (ಇಪಾಕ್ ಅಂದರೆ ಪೂರ್ತಿ ಸೆಟ್ಟಿನ ಮೇಲೆ ಒಂದು ಸಲದ ತರಬೇತಿ) ಲಾಸ್ (ಊಹೆ ಎಷ್ಟು ತಪ್ಪಿತು ಎಂಬ ಅಳತೆ) 1.76, ಅಕ್ಯುರಸಿ 27.3%. ಲರ್ನಿಂಗ್ ರೇಟ್ ಏನೇ ಮಾಡಿದರೂ ಅಷ್ಟೇ.

ಎರಡನೆಯದು ಅದೇ ಫರ್ಮ್‌ವೇರ್ ಡೆವಲಪ್‌ಮೆಂಟ್ ಬೋರ್ಡಿನಲ್ಲಿ: ಚಿಪ್‌ವಿಸ್ಪರರ್-ಲೈಟ್ ಎಂಬ ಟ್ರೇಸ್ ಹಿಡಿಯುವ ಉಪಕರಣ, ಸೈಕಲ್ಲಿಗೆ 4 ಸ್ಯಾಂಪಲ್, ಒಟ್ಟು 24,000 ಸ್ಯಾಂಪಲ್, 50,000 ಟ್ರೇಸ್. ಇಲ್ಲಿ ಕೀ ಒಂದೇ. ಲೇಬಲ್ ಎಸ್-ಬಾಕ್ಸ್ ಔಟ್‌ಪುಟ್ ಬೈಟೇ, 256 ವರ್ಗ. ವ್ಯಾಲಿಡೇಷನ್ ಅಕ್ಯುರಸಿ (ತರಬೇತಿಗೆ ಕೊಡದ ಟ್ರೇಸ್‌ಗಳ ಮೇಲಿನದು) 9% ಬರುತ್ತಿದೆ. ಆದರೆ ಬೇರೆ ಕೀ ಹಾಕಿ ತೆಗೆದ ಟ್ರೇಸ್ ಕೊಟ್ಟರೆ ಸರಿಯಾದ ಕೀ ಬೈಟಿನ ರ‍್ಯಾಂಕ್ 256 ಊಹೆಗಳಲ್ಲಿ 130ರ ಆಸುಪಾಸಿನಲ್ಲೇ ಉಳಿಯುತ್ತದೆ.

ಬಳಸುತ್ತಿರುವುದು ಐದು ಕನ್ವಲ್ಯೂಷನ್ ಪದರಗಳ ದೊಡ್ಡ ನೆಟ್‌ವರ್ಕ್. 700 ಸ್ಯಾಂಪಲ್ ಇನ್‌ಪುಟ್‌ಗೇ 6.66 ಕೋಟಿ ಪ್ಯಾರಾಮೀಟರ್ ಆಗುತ್ತದೆ. ಇದಕ್ಕಿಂತ ದೊಡ್ಡದು ಬೇಕೇ? ದೊಡ್ಡ ಜಿಪಿಯು ಯಂತ್ರದ ಸಮಯಕ್ಕೆ ಅರ್ಜಿ ಹಾಕಬೇಕೇ?

ಮಾಟುಂಗಾ_ರೋಡ್ (ಮುಂಬೈ)

ನೆಟ್‌ವರ್ಕ್ ದೊಡ್ಡದು ಮಾಡಬೇಡಿ. ನೀವು ಕೊಟ್ಟ ಅಂಕಿಗಳಲ್ಲೇ ಉತ್ತರವಿದೆ.

0ಯಿಂದ 255ರವರೆಗಿನ ಬೈಟ್‌ಗಳನ್ನು ಹ್ಯಾಮಿಂಗ್ ವೇಟ್ ಪ್ರಕಾರ ಗುಂಪು ಮಾಡಿದರೆ 1, 8, 28, 56, 70, 56, 28, 8, 1 ಬರುತ್ತದೆ. ವೇಟ್ 4 ಇರುವವು 256ರಲ್ಲಿ 70, ಅಂದರೆ 27.34%. ಟ್ರೇಸನ್ನು ನೋಡದೆಯೇ ಪ್ರತಿ ಸಲ ನಾಲ್ಕು ಎಂದರೂ ಇಷ್ಟೇ ಅಂಕ. ಆ ಹಂಚಿಕೆಯ ಎಂಟ್ರಪಿ (ಅನಿಶ್ಚಿತತೆಯ ಅಳತೆ) 2.54 ಬಿಟ್, ನ್ಯಾಚುರಲ್ ಲಾಗ್‌ನಲ್ಲಿ ಹೇಳಿದರೆ 1.76. ನಿಮ್ಮ ಲಾಸ್ ಸರಿಯಾಗಿ ಅಲ್ಲೇ ನಿಂತಿದೆ. ಅಂದರೆ ನೆಟ್‌ವರ್ಕ್ ವರ್ಗಗಳ ಹಂಚಿಕೆಯನ್ನು ಕಲಿತಿದೆ, ಟ್ರೇಸ್‌ನಿಂದ ಒಂದು ಹನಿಯೂ ಕಲಿತಿಲ್ಲ. ಗೋಡೆ ಮೇಲೆ ಎರಡು ಸಂಖ್ಯೆ ಬರೆದಿಟ್ಟುಕೊಳ್ಳಿ: 9 ವರ್ಗಕ್ಕೆ 1.76, 256 ವರ್ಗಕ್ಕೆ 5.545. ವ್ಯಾಲಿಡೇಷನ್ ಲಾಸ್ ಅದಕ್ಕಿಂತ ಕೆಳಗೆ ಇಳಿದರೆ ಮಾತ್ರ ಕಲಿಕೆ ಆಗಿದೆ. ಅಕ್ಯುರಸಿ ಕಾಲಮ್ಮನ್ನು ಮುಚ್ಚಿಬಿಡಿ.

ಏಕೆ ಕಲಿತಿಲ್ಲ? ಲೆಕ್ಕ ಹಾಕಿ. ಸೆಕೆಂಡಿಗೆ 25 ಕೋಟಿ ಸ್ಯಾಂಪಲ್‌ನಲ್ಲಿ 5,000 ಸ್ಯಾಂಪಲ್ ಅಂದರೆ 20 ಮೈಕ್ರೋಸೆಕೆಂಡ್. 16 ಮೆಗಾಹರ್ಟ್ಸ್‌ನಲ್ಲಿ ಅದು 320 ಸೈಕಲ್. ಟ್ರಿಗರ್ ಆದ ಮೇಲೆ ಮೊದಲು ನಡೆಯುವುದು 256 ಬೈಟಿನ ಟೇಬಲ್ ಕಟ್ಟುವ ಕೆಲಸ. ಒಂದೊಂದು ಬೈಟಿಗೆ 8 ಸೈಕಲ್ ಅಂತ ಕಡಿಮೆಯೇ ಹಿಡಿದರೂ 2,000 ಸೈಕಲ್ ದಾಟುತ್ತದೆ. ನಿಮ್ಮ ಕಿಟಕಿ ಮುಚ್ಚುವ ಹೊತ್ತಿಗೆ ಎಸ್-ಬಾಕ್ಸ್ ಇನ್ನೂ ಶುರುವಾಗಿಯೇ ಇಲ್ಲ. ಟ್ರೇಸ್‌ನಲ್ಲಿ ಇಲ್ಲದ್ದನ್ನು ಯಾವ ನೆಟ್‌ವರ್ಕ್ ತಾನೇ ಕಲಿಯುತ್ತದೆ?

ಎರಡನೇ ಸೆಟ್ಟಿನ 9% ಹೆಚ್ಚು ಅಪಾಯಕಾರಿ, ಏಕೆಂದರೆ ಅದು ಗೆಲುವಿನ ಹಾಗೆ ಕಾಣುತ್ತದೆ. ಕೀ ಒಂದೇ ಇದ್ದಾಗ ಎಸ್-ಬಾಕ್ಸ್ ಔಟ್‌ಪುಟ್‌ಗೂ ಪ್ಲೇನ್‌ಟೆಕ್ಸ್ಟ್ (ಎನ್‌ಕ್ರಿಪ್ಟ್ ಮಾಡುವ ಮೊದಲಿನ ಡೇಟಾ) ಬೈಟ್‌ಗೂ ಒಂದಕ್ಕೊಂದು ನಂಟು. ಲೇಬಲ್ ಅಂದರೆ ಹೆಸರು ಬದಲಿಸಿಕೊಂಡ ಪ್ಲೇನ್‌ಟೆಕ್ಸ್ಟ್, ಅಷ್ಟೆ. ಪ್ಲೇನ್‌ಟೆಕ್ಸ್ಟನ್ನು ಮೆಮೊರಿಯಿಂದ ಓದುವ ಹೊತ್ತಿಗೆ ಅದರ ಮೇಲೆ ಮಾಸ್ಕ್ ಇರುವುದಿಲ್ಲ, ಚೆನ್ನಾಗಿಯೇ ಸೋರುತ್ತದೆ. ನೆಟ್‌ವರ್ಕ್ ಹಿಡಿದಿರುವುದು ಅದನ್ನು. ಕೀ ಬದಲಾದ ಕೂಡಲೇ ಆ ನಂಟು ಕಡಿದುಹೋಗುತ್ತದೆ, ರ‍್ಯಾಂಕ್ 128ರ ಸುತ್ತ ಅಲೆಯುತ್ತದೆ. ತರಬೇತಿ ಸೆಟ್ಟಿನಲ್ಲಿ ಕೀ ಮತ್ತು ಪ್ಲೇನ್‌ಟೆಕ್ಸ್ಟ್ ಎರಡೂ ಪ್ರತಿ ಟ್ರೇಸಿಗೆ ರ‍್ಯಾಂಡಮ್ ಆಗಿರಲೇಬೇಕು. ಕೀ ಸ್ಥಿರವಾಗಿ ಇರಬೇಕಾದದ್ದು ದಾಳಿಯ ಸೆಟ್ಟಿನಲ್ಲಿ (ಕಲಿತ ನೆಟ್‌ವರ್ಕಿನಿಂದ ಕೀ ಹುಡುಕುವ ಟ್ರೇಸ್‌ಗಳು) ಮಾತ್ರ. ಫ್ರಾನ್ಸಿನ ಸೈಬರ್ ಭದ್ರತಾ ಸಂಸ್ಥೆ ಆನ್ಸಿ ಬಿಡುಗಡೆ ಮಾಡಿದ ಆಸ್ಕ್ಯಾಡ್ ಎಂಬ ಟ್ರೇಸ್ ಸಂಗ್ರಹದಲ್ಲೂ ಮೊದಲಿನದು ಒಂದೇ ಕೀ ಇದ್ದ 50,000 ತರಬೇತಿ ಟ್ರೇಸ್. ಆಮೇಲೆ ಕೀ ಬದಲಾಗುತ್ತಾ ಹೋಗುವ 2,00,000 ಟ್ರೇಸ್‌ನ ಆವೃತ್ತಿ ಬಂತು. ಅಭ್ಯಾಸಕ್ಕೆ ಎರಡನೆಯದನ್ನೇ ಹಿಡಿಯಿರಿ.

ಜಿಪಿಯು ವಿಷಯ: 50,000 ಟ್ರೇಸ್, ಒಂದಕ್ಕೆ 700 ಸ್ಯಾಂಪಲ್, ಸ್ಯಾಂಪಲ್ಲಿಗೆ ಒಂದು ಬೈಟ್ ಅಂದರೆ 3.5 ಕೋಟಿ ಬೈಟ್. ಫ್ಲೋಟ್ ಮಾಡಿದರೂ 140 ಎಂಬಿ. ನಿಮ್ಮೂರಿನ ಸಿ-ಡ್ಯಾಕ್‌ನ ಪರಮ್ ಸಿದ್ಧಿಯಂಥ ಸೂಪರ್‌ಕಂಪ್ಯೂಟರ್ ಇದಕ್ಕೆ ಬೇಕಿಲ್ಲ. ಲ್ಯಾಪ್‌ಟಾಪಿನಲ್ಲಿರುವ ಜಿಪಿಯು ಧಾರಾಳ ಸಾಕು.

ತಪಕೀರ್_ಗಲ್ಲಿ (ಪುಣೆ)

ಮ್ಯಾಲಿನವರು ಹೇಳಿದ್ದು ಬರೋಬರಿ ಐತಿ. ನಾ ಹಾರ್ಡ್‌ವೇರ್ ಕಡೀದು ಅಷ್ಟ ಹೇಳ್ತೀನಿ. ಟ್ರೇಸ್ ಹೊಲಸಿದ್ರ ಮುಂದಿನ ಲೆಕ್ಕ ಎಲ್ಲಾ ನೀರಾಗ ಹೋಮ ಮಾಡಿಧಂಗ.

ಮೊದಲ ಕ್ಲಾಕ್. ಒಳಗಿನ ಆರ್‌ಸಿ ಕ್ಲಾಕ್ ಬಿಸಿಗೆ, ವೋಲ್ಟೇಜಿಗೆ ಸರದಾಡತೈತಿ. 0.1% ಸರದ್ರೂ 4,000 ಸೈಕಲ್ ಆದಮ್ಯಾಲೆ 4 ಸೈಕಲ್ ಆಚೀಚೆ ಆಗತೈತಿ; ನಿಮ್ಮ ಸ್ಯಾಂಪಲ್ ರೇಟಿನಾಗ ಅದು 60ರ ಮ್ಯಾಲೆ ಸ್ಯಾಂಪಲ್. ಪರೀಕ್ಷೆ ಬೋರ್ಡಿಗೆ ಹೊರಗಿಂದ ಕ್ರಿಸ್ಟಲ್ ಕ್ಲಾಕ್ ಕೊಡ್ರಿ. ಚಿಪ್‌ವಿಸ್ಪರರ್ ತಾನ ಕ್ಲಾಕ್ ಕೊಟ್ಟು ಅದಕ್ಕ ತಾಳ ಹಾಕಿ ಸ್ಯಾಂಪಲ್ ತಗೊತೈತಿ, ಅದಕ್ಕ ಅದರ ಟ್ರೇಸ್ ಒಂದರ ಮ್ಯಾಲೊಂದು ಕೂಡತಾವು. ಸ್ಕೋಪಿಗೆ ಆ ತಾಳ ಇರೂದಿಲ್ಲ.

ಎರಡನೇದು ಕೆಪಾಸಿಟರ್. ಚಿಪ್ಪಿನ ಪವರ್ ಪಿನ್ನಿನ ಬಾಜೂಕ ಇರೋ 100 ನ್ಯಾನೋಫ್ಯಾರಡ್ ಕೆಪಾಸಿಟರ್‌ಗಳು ನಿಮಗ ಬೇಕಾದ ಏರಿಳಿತಾನ ನುಂಗತಾವು. ಒಂದೊಂದ ತಗೀಕೊಂತ ಹೋಗ್ರಿ, ಎಲ್ಲಾ ಒಮ್ಮೆ ಕಿತ್ತರ ಚಿಪ್ ರೀಸೆಟ್ ಆಗೂದು ಶುರು ಆಗತೈತಿ. ಪವರ್ ಲೈನಿನಾಗ 10 ಓಮ್ ಮೆಟಲ್ ಫಿಲ್ಮ್ ರೆಸಿಸ್ಟರ್, ಅದರ ಚಿಪ್ ಕಡೀ ತುದೀಲಿಂದ ಸಣ್ಣ ಎಸ್‌ಎಂಎ ಕೇಬಲ್. ಈ ಸಾಮಾನು ಬುಧವಾರ ಪೇಠಿನ ತಪಕೀರ್ ಗಲ್ಲ್ಯಾಗ ಹುಡುಕ್ರಿ, ಮುಂಬೈಯವರು ಲ್ಯಾಮಿಂಗ್ಟನ್ ರೋಡಿಗೆ ಹೋಗ್ರಿ. ಸ್ಕೋಪ್ ಎಸಿ ಕಪ್ಲಿಂಗ್‌ನಾಗ ಇರ್ಲಿ. ಸಿಗ್ನಲ್ ಪರದೆ ತುಂಬ ಬರೂ ಹಂಗ ರೇಂಜ್ ಇಡ್ರಿ. 8 ಬಿಟ್ ಸ್ಕೋಪಿನಾಗ ಕಾಲು ಪರದೆ ಅಷ್ಟ ತುಂಬಿದ್ರ 2 ಬಿಟ್ ಹೋದವು ಅಂತ ತಿಳೀರಿ.

ಮೂರನೇದು ಕರೆಂಟು. ಪುಣೆದಾಗ ಗುರುವಾರ ರಿಪೇರಿಗಂತ ಕರೆಂಟ್ ತಗಿಯೂದು ನಿಮಗ ಗೊತ್ತ ಐತಿ. ಉದ್ದನ ಕ್ಯಾಪ್ಚರ್ ಬುಧವಾರ ರಾತ್ರಿ ಹಚ್ಚಬ್ಯಾಡ್ರಿ. ಯುಪಿಎಸ್ ಮ್ಯಾಲೆ ಹೋದ ಕೂಡ್ಲೆ ಇನ್ವರ್ಟರಿನ ಸ್ವಿಚಿಂಗ್ ಗದ್ಲ ಟ್ರೇಸಿನಾಗ ಬಂದು ಕೂಡತೈತಿ. ಬೋರ್ಡಿಗೆ ಬ್ಯಾಟರಿ, ಅದರ ಮುಂದ ಲೀನಿಯರ್ ರೆಗ್ಯುಲೇಟರ್: ಇದಕ್ಕಿಂತ ಶಾಂತ ಸಪ್ಲೈ ಬ್ಯಾರೆ ಇಲ್ಲ. ಲ್ಯಾಪ್‌ಟಾಪಿನ ಯುಎಸ್‌ಬಿ ಗ್ರೌಂಡ್ ಬೋರ್ಡಿಗೆ ಕೂಡಿದ್ರ ಸೀರಿಯಲ್ ಲೈನಿಗೆ ಐಸೊಲೇಟರ್ ಹಾಕ್ರಿ.

ಇನ್ನೊಂದು. ಕೀ ಒಂದನ್ನ ಮುಂಜಾನೆ, ಇನ್ನೊಂದನ್ನ ಮಧ್ಯಾಹ್ನ ತಗೀಬ್ಯಾಡ್ರಿ. ಬೋರ್ಡ್ ಬಿಸಿ ಆದಂಗ ಟ್ರೇಸ್ ಮೇಲೆ ಕೆಳಗ ಆಗತೈತಿ, ನೆಟ್‌ವರ್ಕ್ ಕೀ ಬಿಟ್ಟು ಉಷ್ಣಾಂಶ ಕಲೀತೈತಿ. ಎಲ್ಲಾ ಕಲಸಿ ತಗೀರಿ.

ಝುವಾರಿ_ದಂಡೆ (ಗೋವಾ)

ಇನ್ನು ನೆಟ್‌ವರ್ಕಿಗೆ ಏನು ಉಣಿಸಬೇಕು ಎಂಬುದು. ಕೆಲಸದ ಮುಕ್ಕಾಲು ಪಾಲು ಇಲ್ಲೇ ಇದೆ, ಹಾಗಾಗಿ ಸ್ವಲ್ಪ ಉದ್ದ ಬರೆಯುತ್ತೇನೆ.

ಮೊದಲು ಸ್ಯಾಂಪಲ್ ರೇಟನ್ನು 6.25 ಕೋಟಿಗೆ ಇಳಿಸಿ. 16 ಮೆಗಾಹರ್ಟ್ಸ್‌ಗೆ ಅದು ಸೈಕಲ್ಲಿಗೆ ಸುಮಾರು 4 ಸ್ಯಾಂಪಲ್, ಸಾಕು. 8,000 ಸೈಕಲ್ ತೆಗೆದರೆ 31,250 ಸ್ಯಾಂಪಲ್. ಟೇಬಲ್ ಕಟ್ಟುವುದೂ ಮೊದಲ ಸುತ್ತೂ ಒಳಗೆ ಬಂದಾಯಿತು. 50,000 ಟ್ರೇಸ್‌ಗೆ 1.6 ಜಿಬಿ ಒಳಗೇ ಮುಗಿಯುತ್ತದೆ.

ನೆಟ್‌ವರ್ಕ್ ಹಚ್ಚುವ ಮೊದಲು ಎಸ್‌ಎನ್‌ಆರ್ (ಗದ್ದಲದ ಎದುರು ಸಿಗ್ನಲ್ ಎಷ್ಟು ಎಂಬ ಅನುಪಾತ) ನೋಡಿ. ಟ್ರೇಸ್‌ಗಳನ್ನು ಬೈಟಿನ ಬೆಲೆಯಂತೆ 256 ಗುಂಪು ಮಾಡಿ. ಪ್ರತಿ ಸ್ಯಾಂಪಲ್ ಜಾಗದಲ್ಲಿ ಗುಂಪಿನ ಸರಾಸರಿಗಳ ನಡುವಿನ ವೇರಿಯನ್ಸನ್ನು, ಗುಂಪಿನೊಳಗಿನ ವೇರಿಯನ್ಸ್‌ನ ಸರಾಸರಿಯಿಂದ ಭಾಗಿಸಿ. ಮೊದಲ ಲೇಬಲ್ ಪ್ಲೇನ್‌ಟೆಕ್ಸ್ಟ್ ಬೈಟ್ ಆಗಿರಲಿ. ಇದಕ್ಕೆ ಯಾವ ಮಾಸ್ಕೂ ಇಲ್ಲ, ಹಾಗಾಗಿ ಓದುವ ಜಾಗದಲ್ಲಿ ಎದ್ದು ಕಾಣುವ ಶಿಖರ ಬರಲೇಬೇಕು. ಬರಲಿಲ್ಲ ಎಂದರೆ ಕ್ಯಾಪ್ಚರ್ ಕೆಟ್ಟಿದೆ. ಹೆಚ್ಚಿನ ಸಲ ಕಾರಣ ಇದು: ಒಂದು ಟ್ರಿಗರ್ ತಪ್ಪಿಹೋಗಿ ಅಲ್ಲಿಂದ ಮುಂದೆ ಟ್ರೇಸೂ ಪ್ಲೇನ್‌ಟೆಕ್ಸ್ಟೂ ಒಂದು ಸಾಲು ಜರುಗಿರುತ್ತವೆ. ಮೊದಲ 1,000 ಟ್ರೇಸ್‌ಗೆ ಶಿಖರ ಇದ್ದು ಪೂರ್ತಿ ಸೆಟ್ಟಿಗೆ ಇಲ್ಲದಿದ್ದರೆ ಅದೇ ರೋಗ.

ಆಮೇಲೆ ಮಾಸ್ಕ್. ಫರ್ಮ್‌ವೇರ್ ನಿಮ್ಮದೇ ಆದ್ದರಿಂದ ಡೀಬಗ್ ಬಿಲ್ಡ್‌ನಲ್ಲಿ ಎರಡೂ ಮಾಸ್ಕ್ ಬೈಟ್‌ಗಳನ್ನು ಸೀರಿಯಲ್‌ನಲ್ಲಿ ಹೊರಗೆ ಕಳಿಸಿ. ಎನ್‌ಕ್ರಿಪ್ಷನ್ ಪೂರ್ತಿ ಮುಗಿದ ಮೇಲೆ ಕಳಿಸಿ, ನಡುವೆ ಕಳಿಸಿದರೆ ಸೀರಿಯಲ್ ಇಂಟರಪ್ಟ್ ಟ್ರೇಸನ್ನೇ ಕೆಡಿಸುತ್ತದೆ. ಈಗ ಎರಡು ಎಸ್‌ಎನ್‌ಆರ್ ಗ್ರಾಫ್ ಬರೆಯಿರಿ: ಒಂದಕ್ಕೆ ಲೇಬಲ್ ಔಟ್‌ಪುಟ್ ಮಾಸ್ಕ್, ಇನ್ನೊಂದಕ್ಕೆ ಮಾಸ್ಕ್ ಸೇರಿದ ಎಸ್-ಬಾಕ್ಸ್ ಔಟ್‌ಪುಟ್. ಮೊದಲನೆಯದರ ಶಿಖರಗಳು ಟೇಬಲ್ ಕಟ್ಟುವ ಕಡೆ ಇರುತ್ತವೆ, ಎರಡನೆಯದರದು ಮೊದಲ ಸುತ್ತಿನಲ್ಲಿ. ನಡುವೆ ಸಾವಿರಾರು ಸ್ಯಾಂಪಲ್ ಅಂತರ. ಮಾಸ್ಕಿಲ್ಲದ ನಿಜವಾದ ಬೈಟಿಗೆ ಎಸ್‌ಎನ್‌ಆರ್ ಬರೆದರೆ ಶಿಖರ ಬರಬಾರದು. ಬಂದರೆ ಮಾಸ್ಕಿಂಗೇ ಸೋರುತ್ತಿದೆ, ನೆಟ್‌ವರ್ಕಿನ ಪ್ರಶ್ನೆಯೇ ಬರುವುದಿಲ್ಲ.

ನೆಟ್‌ವರ್ಕ್ ಮಾಡಬೇಕಾದ ಕೆಲಸ ಈ ಎರಡು ಜಾಗಗಳನ್ನು ಜೋಡಿಸುವುದು. ನಿಮ್ಮಂಥ ನೆಟ್‌ವರ್ಕಿನ 11 ಸ್ಯಾಂಪಲ್ ಅಗಲದ ಕರ್ನಲ್ (ಟ್ರೇಸ್ ಮೇಲೆ ಜಾರುವ ಫಿಲ್ಟರ್) ಅಷ್ಟು ದೂರ ಚಾಚುವುದಿಲ್ಲ. ಜೋಡಿಸುವ ಭಾರವೆಲ್ಲ, ಎಲ್ಲ ಜಾಗಗಳನ್ನೂ ಒಟ್ಟಿಗೆ ನೋಡುವ ಕೊನೆಯ ಡೆನ್ಸ್ ಪದರದ ಮೇಲೆ ಬೀಳುತ್ತದೆ, 31,250 ಸ್ಯಾಂಪಲ್ ಗದ್ದಲದಲ್ಲಿ ಅದಕ್ಕೆ ಏನೂ ಸಿಗುವುದಿಲ್ಲ. ಹಾಗಾಗಿ ಒಂದೊಂದು ಶಿಖರದ ಸುತ್ತ 350 ಸ್ಯಾಂಪಲ್ ಕತ್ತರಿಸಿ ಪಕ್ಕಪಕ್ಕ ಇಡಿ, 700 ಆಗುತ್ತದೆ. ಪ್ರತಿ ಕಾಲಮ್ಮಿಗೂ ಸರಾಸರಿ 0, ವೇರಿಯನ್ಸ್ 1 ಮಾಡಿ. ಆ ಸರಾಸರಿಯನ್ನು ತರಬೇತಿ ಸೆಟ್ಟಿನಿಂದ ಮಾತ್ರ ತೆಗೆಯಿರಿ, ದಾಳಿಯ ಸೆಟ್ಟಿಗೂ ಅದನ್ನೇ ಹಾಕಿ.

ನೆಟ್‌ವರ್ಕ್ ಸಣ್ಣದಿರಲಿ. 2020ರಲ್ಲಿ ಝೈದ್ ಮತ್ತು ಸಂಗಡಿಗರು ಆಸ್ಕ್ಯಾಡ್‌ಗೆ ಕಟ್ಟಿದ್ದು ಹೀಗಿದೆ: 1 ಅಗಲದ 4 ಫಿಲ್ಟರ್, ಬ್ಯಾಚ್ ನಾರ್ಮಲೈಸೇಷನ್, 2ರ ಆವರೇಜ್ ಪೂಲಿಂಗ್, 10 ನ್ಯೂರಾನ್‌ಗಳ ಎರಡು ಡೆನ್ಸ್ ಪದರ, 256ರ ಸಾಫ್ಟ್‌ಮ್ಯಾಕ್ಸ್, ಆಕ್ಟಿವೇಷನ್ ಸೆಲು. ಕೂಡಿಸಿ ನೋಡಿ: 8, 16, 14,010, 110, 2,816. ಒಟ್ಟು 16,960 ಪ್ಯಾರಾಮೀಟರ್. ನಿಮ್ಮ 6.66 ಕೋಟಿಯ ಎದುರು ಇದು ಏನೇನೂ ಅಲ್ಲ, ಆದರೂ ತಾಳ ತಪ್ಪದ ಟ್ರೇಸ್‌ಗಳಲ್ಲಿ ಕೆಲಸ ಮಾಡುತ್ತದೆ. ಬ್ಯಾಚ್ 50, ಇಪಾಕ್ 50, ಗರಿಷ್ಠ ಲರ್ನಿಂಗ್ ರೇಟ್ 0.005. ಟ್ರೇಸ್‌ಗಳು ಆಚೀಚೆ ಸರಿದಿದ್ದರೆ ಮಾತ್ರ ಅಗಲ ಕರ್ನಲ್, ಹೆಚ್ಚು ಪದರ ಬೇಕಾಗುತ್ತದೆ. ತರಬೇತಿ ವೇಳೆ ಟ್ರೇಸ್‌ಗಳನ್ನು ಬೇಕೆಂದೇ ಕೆಲವು ಸ್ಯಾಂಪಲ್ ಸರಿಸಿ ಕೊಡುವ ಉಪಾಯವನ್ನು 2017ರಲ್ಲೇ ಕಾಗ್ಲಿ, ದ್ಯೂಮಾ, ಪ್ರೂಫ್ ಎಂಬ ಸಂಶೋಧಕರು ತೋರಿಸಿದ್ದಾರೆ.

ಕೋಡ್ ಸರಿಯಿದೆಯೇ ಎಂದು ತಿಳಿಯಲು ಎರಡು ಪರೀಕ್ಷೆ. 500 ಟ್ರೇಸ್ ಮಾತ್ರ ಕೊಟ್ಟು, ದೊಡ್ಡ ನೆಟ್‌ವರ್ಕಿನಿಂದ ಅವುಗಳನ್ನು ಬಾಯಿಪಾಠ ಮಾಡಿಸಿ. ಆಗದಿದ್ದರೆ ತರಬೇತಿ ಕೋಡಿನಲ್ಲೇ ತಪ್ಪಿದೆ. ಆಮೇಲೆ ಲೇಬಲ್‌ಗಳನ್ನು ಕಲಸಿ ತರಬೇತಿ ಕೊಡಿ. ವ್ಯಾಲಿಡೇಷನ್ ಲಾಸ್ 5.545ಕ್ಕಿಂತ ಕೆಳಗೆ ಹೋದರೆ ತರಬೇತಿಯ ಟ್ರೇಸ್ ವ್ಯಾಲಿಡೇಷನ್ ಒಳಗೆ ನುಸುಳಿದೆ.

ಅಳತೆಗೆ ಗೆಸ್ಸಿಂಗ್ ಎಂಟ್ರಪಿ (ಸರಿಯಾದ ಕೀಯ ಸರಾಸರಿ ಸ್ಥಾನ) ಬಳಸಿ. ದಾಳಿಯ ಪ್ರತಿ ಟ್ರೇಸಿಗೆ, ಕೀ ಬೈಟಿನ 256 ಊಹೆಗಳಿಗೂ ಎಸ್-ಬಾಕ್ಸ್ ಬೆಲೆ ಲೆಕ್ಕ ಹಾಕಿ, ಆ ವರ್ಗಕ್ಕೆ ನೆಟ್‌ವರ್ಕ್ ಕೊಟ್ಟ ಸಂಭವನೀಯತೆಯ ಲಾಗ್ ಕೂಡಿಸುತ್ತಾ ಹೋಗಿ. ಸೊನ್ನೆಯ ಲಾಗ್ ಬರದಂತೆ 10ರ −36ನೇ ಘಾತದಷ್ಟು ಸಣ್ಣ ಸಂಖ್ಯೆ ಸೇರಿಸಿ. ಸರಿಯಾದ ಕೀ ಎಷ್ಟನೇ ಸ್ಥಾನದಲ್ಲಿದೆ ಎಂದು ನೋಡಿ. ಟ್ರೇಸ್‌ಗಳ ಕ್ರಮ ಕಲಸಿ 100 ಸಲ ಮಾಡಿ ಸರಾಸರಿ ತೆಗೆಯಿರಿ. ಒಂದೇ ಓಟವನ್ನು ನಂಬಬೇಡಿ, ಅದೃಷ್ಟದಿಂದಲೂ ಕೀ ಮೇಲೆ ಬರುತ್ತದೆ.

ಮಾಟುಂಗಾ_ರೋಡ್ (ಮುಂಬೈ)

ಝುವಾರಿಯವರ ಮಾತಿಗೆ ಒಂದು ಸೇರ್ಪಡೆ, ಯಾರಾದರೂ ಹ್ಯಾಮಿಂಗ್ ವೇಟ್ ಲೇಬಲನ್ನೇ ಮುಂದುವರಿಸುವುದಾದರೆ. ಆಗ ಲಾಗ್ ನೇರವಾಗಿ ಕೂಡಿಸಬಾರದು. ನೆಟ್‌ವರ್ಕ್ ಕೊಡುವುದು ಟ್ರೇಸ್ ಕಂಡ ಮೇಲೆ ವೇಟ್‌ನ ಸಂಭವನೀಯತೆ; ಕೀ ಊಹೆಗಳನ್ನು ಹೋಲಿಸಲು ಬೇಕಾದದ್ದು ವೇಟ್ ಗೊತ್ತಿದ್ದರೆ ಟ್ರೇಸ್‌ನ ಸಂಭವನೀಯತೆ. ಹಾಗಾಗಿ ಪ್ರತಿ ವರ್ಗವನ್ನೂ ಅದರ ಪಾಲಿನಿಂದ ಭಾಗಿಸಬೇಕು: ವೇಟ್ 4ಕ್ಕೆ 70/256, ವೇಟ್ 0ಗೆ 1/256. ಭಾಗಿಸದಿದ್ದರೆ, ಯಾವ ಊಹೆ ವೇಟ್ 4 ಎಂದಿತೋ ಅದಕ್ಕೆ ಪ್ರತಿ ಟ್ರೇಸಿನಲ್ಲೂ ಪುಕ್ಕಟೆ ಅಂಕ ಸಿಗುತ್ತದೆ. ಟ್ರೇಸ್ ಹೆಚ್ಚಿದಂತೆ ಅದು ಎಲ್ಲ ಊಹೆಗಳಿಗೂ ಸರಿದೂಗುತ್ತದೆ, ನಿಜ. ಆದರೆ ಮಾಸ್ಕ್ ಇರುವ ಸಾಧನದಲ್ಲಿ ಸಿಗ್ನಲ್ ಎಷ್ಟು ಕ್ಷೀಣವೆಂದರೆ ಈ ಗದ್ದಲವೇ ಅದನ್ನು ಮುಳುಗಿಸುತ್ತದೆ. 256 ವರ್ಗದಲ್ಲಿ ಎಲ್ಲ ವರ್ಗಗಳ ಪಾಲೂ ಸಮ, ಈ ತಾಪತ್ರಯ ಇಲ್ಲ. ನನ್ನ ಮತ ಅದಕ್ಕೇ.

ಪನ್ವೇಲ್_ಲೋಕಲ್ (ನವಿ ಮುಂಬೈ)

ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ಇಷ್ಟೆಲ್ಲ ರೆಸಿಸ್ಟರ್, ಕೆಪಾಸಿಟರ್ ಏಕೆ? ಪ್ಲೇನ್‌ಟೆಕ್ಸ್ಟ್, ಸೈಫರ್‌ಟೆಕ್ಸ್ಟ್ (ಎನ್‌ಕ್ರಿಪ್ಟ್ ಆದ ಡೇಟಾ) ಜೋಡಿಗಳನ್ನು ಕೋಟಿಗಟ್ಟಲೆ ಕೊಟ್ಟರೆ ನೆಟ್‌ವರ್ಕ್ ಕೀಯನ್ನೇ ಕಲಿಯಬಾರದೇ?

ಝುವಾರಿ_ದಂಡೆ (ಗೋವಾ)

ಕಲಿಯುವುದಿಲ್ಲ. ಪೂರ್ತಿ ಸುತ್ತುಗಳ ಎಇಎಸ್‌ನಲ್ಲಿ ಒಂದು ಬಿಟ್ ಬದಲಾದರೂ ಔಟ್‌ಪುಟ್ ಪೂರ್ತಿ ಕಲಕಿಹೋಗುತ್ತದೆ. ಲಾಸ್ ಇಳಿಸಲು ನೆಟ್‌ವರ್ಕಿಗೆ ಹಿಡಿದು ಹತ್ತುವ ಮೆಟ್ಟಿಲೇ ಇರುವುದಿಲ್ಲ.

ಸುತ್ತು ಕಡಿಮೆ ಮಾಡಿದ ಸಣ್ಣ ಸೈಫರ್‌ಗಳಲ್ಲಿ ಸಂಗತಿ ಬೇರೆ. 2019ರಲ್ಲಿ ಗೋಹರ್ ಎಂಬವರು ಸ್ಪೆಕ್32/64 ಎಂಬ ಸಣ್ಣ ಸೈಫರ್ ಮೇಲೆ ಮಾಡಿದ ಕೆಲಸ ಇದರಲ್ಲಿ ಮೈಲಿಗಲ್ಲು. ಪ್ಲೇನ್‌ಟೆಕ್ಸ್ಟ್ ಜೋಡಿಯ ನಡುವೆ ಒಂದು ನಿಗದಿತ ವ್ಯತ್ಯಾಸ ಇಟ್ಟು ಎನ್‌ಕ್ರಿಪ್ಟ್ ಮಾಡಿದ ಸೈಫರ್‌ಟೆಕ್ಸ್ಟ್ ಜೋಡಿಗಳು ಒಂದು ಕಡೆ, ಬರೀ ರ‍್ಯಾಂಡಮ್ ಜೋಡಿಗಳು ಇನ್ನೊಂದು ಕಡೆ. ಯಾವುದು ಯಾವುದು ಎಂದು ನೆಟ್‌ವರ್ಕ್ ಹೇಳಬೇಕು. 1 ಕೋಟಿ ಜೋಡಿ ಕೊಟ್ಟು ಕಲಿಸಿದ ಮೇಲೆ 5 ಸುತ್ತಿಗೆ ಸುಮಾರು 93%, 6ಕ್ಕೆ 79%, 7ಕ್ಕೆ 62%, 8ಕ್ಕೆ 51%. ಕಣ್ಣು ಮುಚ್ಚಿ ಹೇಳಿದರೂ 50% ಎಂಬುದು ನೆನಪಿರಲಿ. ಸ್ಪೆಕ್32/64ಕ್ಕೆ ಇರುವುದು 22 ಸುತ್ತು. ಆದರೂ ಆ ಕೆಲಸಕ್ಕೆ ಬೆಲೆ ಇದೆ: ಅದೇ ಸುತ್ತುಗಳಿಗೆ ಕಂಪ್ಯೂಟರಿನಲ್ಲಿ ಪೂರ್ತಿ ಲೆಕ್ಕ ಹಾಕಿದ ಡಿಫರೆನ್ಷಿಯಲ್ ಹಂಚಿಕೆಗಿಂತ (ಯಾವ ವ್ಯತ್ಯಾಸ ಎಷ್ಟು ಸಲ ಬರುತ್ತದೆ ಎಂಬ ಪಟ್ಟಿ) ನೆಟ್‌ವರ್ಕ್ ಚೂರು ಹೆಚ್ಚೇ ಕಂಡಿತು.

ಉಲ್ಟಾ ದಾರಿಯೂ ಇದೆ, ಎರಡು ನೆಟ್‌ವರ್ಕ್‌ಗಳನ್ನು ಒಂದಕ್ಕೊಂದು ಹೊಂದಿಸಿ ರಹಸ್ಯ ಕೀ ಒಪ್ಪಿಕೊಳ್ಳುವುದು. ಕಾಂಟರ್, ಕಿನ್ಜೆಲ್ ಮತ್ತು ಸಂಗಡಿಗರು ಮುಂದಿಟ್ಟ ಈ ವಿಧಾನವನ್ನು 2002ರಲ್ಲೇ ಕ್ಲಿಮೋವ್, ಮಿತ್ಯಾಗಿನ್, ಶಮೀರ್ ಮೂರು ರೀತಿಯಲ್ಲಿ ಮುರಿದರು. ಉತ್ಪನ್ನದಲ್ಲಿ ಬಳಸುವ ವಿಚಾರ ಇದ್ದರೆ ಬಿಟ್ಟುಬಿಡಿ.

ರೆಸಿಸ್ಟರ್ ಏಕೆ ಅಂದರೆ, ಪವರ್ ಟ್ರೇಸ್ ಮೊದಲ ಸುತ್ತಿನ ಒಳಗೆ ಕಿಂಡಿ ಕೊರೆದು ಕೊಡುತ್ತದೆ. ಅಲ್ಲಿ ಒಂದು ಬೈಟ್ ಮೇಲೆ ಪ್ರಭಾವ ಬೀರುವುದು ಕೀಯ 8 ಬಿಟ್ ಮಾತ್ರ. 128 ಬಿಟ್ ಒಟ್ಟಿಗೆ ಹುಡುಕುವ ಬದಲು 16 ಸಲ 8 ಬಿಟ್ ಹುಡುಕಿದರಾಯಿತು.

ಹಿಂಜವಡಿ_ಫರ್ಮ್‌ವೇರ್ (ಪುಣೆ)

ಎಲ್ಲರಿಗೂ ಧನ್ಯವಾದ. ಡೆವಲಪ್‌ಮೆಂಟ್ ಬೋರ್ಡಿನಲ್ಲಿ ಕೀ, ಪ್ಲೇನ್‌ಟೆಕ್ಸ್ಟ್ ಎರಡೂ ರ‍್ಯಾಂಡಮ್ ಮಾಡಿ, ಮಾಸ್ಕ್ ಹೊರಗೆ ಕಳಿಸಿ, ಹೇಳಿದಂತೆ 350 + 350 ಕತ್ತರಿಸಿ ಸಣ್ಣ ನೆಟ್‌ವರ್ಕ್ ಹಚ್ಚಿದೆವು. ವ್ಯಾಲಿಡೇಷನ್ ಲಾಸ್ 5.531. ಅಕ್ಯುರಸಿ 0.6% ಮಾತ್ರ. ಇದನ್ನು ಕಲಿಕೆ ಅನ್ನಬಹುದೇ?

ಇನ್ನೊಂದು ವಿಚಿತ್ರ. ಮಾಸ್ಕಿಲ್ಲದ ಒಂದೊಂದೇ ಬೈಟಿಗೆ ಎಸ್‌ಎನ್‌ಆರ್ ಸಪಾಟಾಗಿದೆ. ಆದರೆ ಬೈಟ್ 0 ಮತ್ತು ಬೈಟ್ 1ರ ಎಸ್-ಬಾಕ್ಸ್ ಔಟ್‌ಪುಟ್‌ಗಳ ಎಕ್ಸಾರ್ (ಎರಡು ಬೈಟ್‌ಗಳ ಯಾವ ಬಿಟ್‌ಗಳು ಬೇರೆ ಎಂದು ತೋರಿಸುವ ಲೆಕ್ಕ) ತೆಗೆದು ಅದನ್ನೇ ಲೇಬಲ್ ಮಾಡಿದರೆ ಮಾಸ್ಕ್ ಗೊತ್ತಿಲ್ಲದೆಯೂ ಸ್ಪಷ್ಟ ಶಿಖರ ಬರುತ್ತಿದೆ.

ಮಾಟುಂಗಾ_ರೋಡ್ (ಮುಂಬೈ)

ಖಂಡಿತ ಕಲಿಕೆ. 5.545ರಲ್ಲಿ 5.531 ಕಳೆದರೆ 0.014; ಬಿಟ್‌ಗೆ ತಿರುಗಿಸಿದರೆ 0.02. ಒಂದು ಟ್ರೇಸ್ ಕೀ ಬೈಟಿನ ಬಗ್ಗೆ 0.02 ಬಿಟ್ ಹೇಳುತ್ತದೆ, ಬೇಕಾದದ್ದು 8 ಬಿಟ್. ಸುಮಾರು 400 ಟ್ರೇಸ್ ಎಂಬ ಅಂದಾಜು ಬರುತ್ತದೆ. ಗೆಸ್ಸಿಂಗ್ ಎಂಟ್ರಪಿ ಗ್ರಾಫ್ ಬರೆದು ತಾಳೆ ನೋಡಿ. ಗ್ರಾಫ್ ಇದಕ್ಕಿಂತ ಹತ್ತುಪಟ್ಟು ದೂರ ಹೋದರೆ ಸ್ಕೋರ್ ಕೂಡಿಸುವ ಕೋಡಿನಲ್ಲಿ ತಪ್ಪಿದೆ. 0.6% ಎಂಬ ಅಕ್ಯುರಸಿಯನ್ನು ಮೇಲಿನವರಿಗೆ ತೋರಿಸಿ ಸುರಕ್ಷಿತ ಎಂದು ವರದಿ ಬರೆಯುವ ತಪ್ಪು ಮಾತ್ರ ಮಾಡಬೇಡಿ.

ಎರಡನೆಯದೇ ದೊಡ್ಡ ಸುದ್ದಿ. ನೆಟ್‌ವರ್ಕ್ ಇಲ್ಲದೆಯೇ ನಿಮ್ಮ ಮಾಸ್ಕಿಂಗ್ ಬಿದ್ದಿದೆ. 16 ಬೈಟ್‌ಗೂ ಒಂದೇ ಔಟ್‌ಪುಟ್ ಮಾಸ್ಕ್. ಟೇಬಲ್‌ನಿಂದ ಬೈಟ್ 0 ಬಂತು, ಅದರ ಬೆನ್ನಿಗೇ ಬೈಟ್ 1 ಅದೇ ಮೆಮೊರಿ ಬಸ್ ಮೇಲೆ, ಬಹುಶಃ ಅದೇ ರಿಜಿಸ್ಟರಿಗೆ ಬಂತು. ಚಿಪ್ ಕರೆಂಟ್ ಎಳೆಯುವುದು ಎಷ್ಟು ಬಿಟ್ ಬದಲಾದವು ಎಂಬುದರ ಮೇಲೆ, ಅಂದರೆ ಹಳೆ ಬೆಲೆಗೂ ಹೊಸ ಬೆಲೆಗೂ ಇರುವ ಎಕ್ಸಾರ್ ಮೇಲೆ. ಎರಡರಲ್ಲೂ ಅದೇ ಮಾಸ್ಕ್ ಇದ್ದರೆ ಎಕ್ಸಾರ್‌ನಲ್ಲಿ ಮಾಸ್ಕ್ ಮಾಸ್ಕನ್ನೇ ಕಳೆದುಹಾಕುತ್ತದೆ, ಉಳಿಯುವುದು ನಿಜವಾದ ಎರಡು ಬೈಟ್‌ಗಳ ಎಕ್ಸಾರ್. ಕಾಗದದ ಮೇಲೆ ಸರಿಯಿರುವ ಮಾಸ್ಕಿಂಗ್ ಚಿಪ್ ಮೇಲೆ ಹೀಗೆಯೇ ಸೋಲುತ್ತದೆ.

ಸರಿಪಡಿಸುವುದು ಹೇಗೆ? ಎರಡು ಲೋಡ್‌ಗಳ ನಡುವೆ ಬಸ್ಸೂ ರಿಜಿಸ್ಟರೂ ಎರಡೂ ತೊಳೆದುಹೋಗುವಂತೆ ಸಂಬಂಧವಿಲ್ಲದ ಒಂದು ರ‍್ಯಾಂಡಮ್ ಬೆಲೆಯನ್ನು ಮೆಮೊರಿಯಿಂದ ಅದೇ ರಿಜಿಸ್ಟರಿಗೆ ಓದಿ. ಸಿ ಭಾಷೆಯಲ್ಲಿ ಬರೆದರೆ ಕಂಪೈಲರ್ ಅದನ್ನು ಅನವಶ್ಯಕ ಎಂದು ಕಿತ್ತುಹಾಕುತ್ತದೆ ಅಥವಾ ಕ್ರಮ ಬದಲಿಸುತ್ತದೆ. ಸಬ್‌ಬೈಟ್ಸ್ (ಎಸ್-ಬಾಕ್ಸ್ ಬಳಸುವ ಹಂತ) ಭಾಗವನ್ನಾದರೂ ಅಸೆಂಬ್ಲಿಯಲ್ಲಿ ಬರೆಯಿರಿ. ಬೈಟ್‌ಗಳನ್ನು ತೆಗೆದುಕೊಳ್ಳುವ ಕ್ರಮವನ್ನು ಪ್ರತಿ ಎನ್‌ಕ್ರಿಪ್ಷನ್‌ಗೂ ಕಲಸಿ. ಕಲಸುವುದು ರ‍್ಯಾಂಡಮ್ ವಿಳಂಬ ಸೇರಿಸುವುದಕ್ಕಿಂತ ಎಷ್ಟೋ ವಾಸಿ. ವಿಳಂಬದಿಂದ ಟ್ರೇಸ್ ಸರಿಯುತ್ತದೆ ಅಷ್ಟೆ, ಸರಿದ ಟ್ರೇಸನ್ನು ನುಂಗಿ ಅರಗಿಸಿಕೊಳ್ಳುವುದೇ ಸಿಎನ್‌ಎನ್‌ನ ಬಲ.

ಟೇಬಲ್ ಕಟ್ಟುವ ಭಾಗವೂ ನನಗೆ ಸಮಾಧಾನ ಕೊಡುತ್ತಿಲ್ಲ. ಒಂದೇ ಮಾಸ್ಕ್ ಒಂದೇ ಟ್ರೇಸಿನಲ್ಲಿ 256 ಸಲ ಬಳಕೆಯಾಗುತ್ತದೆ. ನೆಟ್‌ವರ್ಕಿಗೆ ಆ ಭಾಗ ಪೂರ್ತಿ ಕೊಟ್ಟರೆ 256 ತುಣುಕು ಸೇರಿಸಿ ಮಾಸ್ಕನ್ನೇ ಊಹಿಸಬಲ್ಲದು. ಟೇಬಲನ್ನು 0ಯಿಂದ 255ಕ್ಕೆ ನೇರ ಕಟ್ಟದೆ ಕಲಸಿದ ಕ್ರಮದಲ್ಲಿ ಕಟ್ಟಿ. ಮಾಸ್ಕ್ ಎಲ್ಲಿಂದ ಬರುತ್ತಿದೆ ಎಂದೂ ನೋಡಿ: ಚಿಪ್ಪಿನ ಹಾರ್ಡ್‌ವೇರ್ ರ‍್ಯಾಂಡಮ್ ಜನರೇಟರಿನಿಂದ ಬರಬೇಕು. ಸಿ ಲೈಬ್ರರಿಯ ರ‍್ಯಾಂಡ್ ಆಗಿದ್ದು ಪ್ರತಿ ಬೂಟ್‌ಗೂ ಅದೇ ಸೀಡ್ ಆದರೆ ಮಾಸ್ಕ್‌ಗಳ ಸಾಲು ಪ್ರತಿ ಸಲ ಅದೇ ಬರುತ್ತದೆ.

ಇಷ್ಟಾದರೂ ಸೋರಿಕೆ ಸೊನ್ನೆ ಆಗುವುದಿಲ್ಲ. ಹಾಗಾಗಿ ಒಂದು ಕೀಯನ್ನು ಎಷ್ಟು ಸಲ ಬಳಸಬಹುದು ಎಂಬ ಮಿತಿ ಪ್ರೋಟೊಕಾಲಿನಲ್ಲೇ ಇರಲಿ. ಅಂದಾಜು 400 ಟ್ರೇಸ್‌ಗೆ ಕೀ ಹೋಗುತ್ತದೆ ಎಂದಿದ್ದಾಗ, ಅದಕ್ಕಿಂತ ಬಹಳ ಮೊದಲೇ ಮೂಲ ಕೀಯಿಂದ ಹೊಸ ಸೆಷನ್ ಕೀ ಹುಟ್ಟಿಸಿ. ಹುಟ್ಟಿಸುವ ಲೆಕ್ಕದಲ್ಲಿ ಮೂಲ ಕೀಯೂ ಹೊರಗಿನವರು ಆರಿಸಿದ ಡೇಟಾ ಮೇಲೆ ಓಡದಂತೆ ನೋಡಿಕೊಳ್ಳಿ, ಇಲ್ಲವಾದರೆ ಸೋರಿಕೆ ಒಂದು ಮನೆ ಆಚೆ ಹೋಯಿತು ಅಷ್ಟೆ.

ತಪಕೀರ್_ಗಲ್ಲಿ (ಪುಣೆ)

ಇನ್ನೊಂದು ಮಾತು. ತರಬೇತಿ ಒಂದ ಬೋರ್ಡಿನ ಮ್ಯಾಲೆ, ದಾಳಿ ಅದ ಬೋರ್ಡಿನ ಮ್ಯಾಲೆ ಮಾಡಿದ್ರ ಫಲಿತಾಂಶ ನಂಬೂ ಹಂಗಿಲ್ಲ. ರೆಸಿಸ್ಟರ್, ಬೆಸುಗೆ, ಚಿಪ್ ಎಲ್ಲಾ ಬೋರ್ಡಿಗೊಂದು ಥರ ಇರತಾವು. ಮೂರು ಬೋರ್ಡ್ ತಗೋರಿ, ಎರಡರ ಮ್ಯಾಲೆ ಕಲಿಸ್ರಿ, ಮೂರನೇದ್ರ ಮ್ಯಾಲೆ ಪರೀಕ್ಷೆ ಮಾಡ್ರಿ. ಲ್ಯಾಬಿನವರೂ ಮೊದಲ ಕೇಳೂದು ಅದನ್ನ.

ಝುವಾರಿ_ದಂಡೆ (ಗೋವಾ)

ಅಸೆಂಬ್ಲಿ ತಿದ್ದಿದ ಮೇಲೆ ನೇರ ನೆಟ್‌ವರ್ಕಿಗೆ ಹೋಗಬೇಡಿ, ಮೊದಲು ಟಿ-ಟೆಸ್ಟ್ (ಎರಡು ಗುಂಪುಗಳ ಸರಾಸರಿಯಲ್ಲಿ ನಿಜವಾದ ವ್ಯತ್ಯಾಸವಿದೆಯೇ ಎಂಬ ಪರೀಕ್ಷೆ) ಮಾಡಿ. ಸ್ಥಿರ ಪ್ಲೇನ್‌ಟೆಕ್ಸ್ಟ್ ಒಂದು ಗುಂಪು, ರ‍್ಯಾಂಡಮ್ ಪ್ಲೇನ್‌ಟೆಕ್ಸ್ಟ್ ಒಂದು ಗುಂಪು, ಎರಡನ್ನೂ ನಾಣ್ಯ ಚಿಮ್ಮಿದ ಹಾಗೆ ಕಲಸಿ ತೆಗೆಯಿರಿ. ಟಿ ಬೆಲೆ ±4.5 ದಾಟಿದ ಜಾಗದಲ್ಲಿ ಸೋರಿಕೆ ಇದೆ. ಆರಂಭದಲ್ಲಿ ಪ್ಲೇನ್‌ಟೆಕ್ಸ್ಟ್ ಓದುವಾಗ, ಕೊನೆಯಲ್ಲಿ ಸೈಫರ್‌ಟೆಕ್ಸ್ಟ್ ಬರೆಯುವಾಗ ಹೇಗಿದ್ದರೂ ದಾಟುತ್ತದೆ. ಆ ಎರಡು ತುದಿ ಬಿಟ್ಟು ನೋಡಿ.

ಆದರೆ ಮೊದಲ ಓಟದಲ್ಲಿ ಎರಡೂ ಮಾಸ್ಕ್ ಸೊನ್ನೆ ಮಾಡಿ. ಆಗ ಕೆಲವೇ ನೂರು ಟ್ರೇಸ್‌ನಲ್ಲಿ ಟಿ ಬೆಲೆ 4.5ನ್ನು ಎಷ್ಟೋ ಮೀರಿ ಹೋಗಬೇಕು. ಹೋಗದಿದ್ದರೆ ನಿಮ್ಮ ಕ್ಯಾಪ್ಚರಿಗೆ ಕಣ್ಣಿಲ್ಲ ಎಂದರ್ಥ. ಮಾಸ್ಕ್ ಹಾಕಿದ ಮೇಲೆ ಅದು ಸಪಾಟು ಗೆರೆ ತೋರಿಸಿದರೂ ಆ ಗೆರೆಗೆ ಬೆಲೆ ಇಲ್ಲ. ಸೊನ್ನೆ ಮಾಸ್ಕಿನ ಗ್ರಾಫನ್ನೂ ವರದಿಗೆ ಲಗತ್ತಿಸಿ.